ಸಬ್‌ಮರೀನ್ ಹುಡುಕಬೇಕೇ? ಮೊದಲು ನೀರಿನ ಬಿಸಿ ನೋಡಿ

ಆಕಾಶದಲ್ಲಿ ಹಾರುವ ವಿಮಾನವನ್ನು ರೇಡಾರ್ ನೂರಾರು ಕಿಲೋಮೀಟರ್ ದೂರದಿಂದಲೇ ಹಿಡಿದುಬಿಡುತ್ತದೆ. ಮುಳುಗಿರುವ ಸಬ್‌ಮರೀನ್ ಮಾತ್ರ ಹಡಗಿನ ಅಡಿಯಲ್ಲೇ ಹಾದುಹೋದರೂ ಅದಕ್ಕೆ ಗೊತ್ತಾಗುವುದಿಲ್ಲ. ರೇಡಿಯೋ ಅಲೆಗಳನ್ನು ಉಪ್ಪುನೀರು ನುಂಗಿಹಾಕುತ್ತದೆ, ಬೆಳಕಿನ ಪಾಡೂ ಅಷ್ಟೇ. ನೀರೊಳಗೆ ದೂರ ಹೋಗುವುದು ಶಬ್ದ ಮಾತ್ರ. ಸೆಕೆಂಡಿಗೆ ಸುಮಾರು 1500 ಮೀಟರ್, ಅಂದರೆ ಗಾಳಿಯಲ್ಲಿ ಹೋಗುವುದಕ್ಕಿಂತ ನಾಲ್ಕು ಪಟ್ಟಿಗೂ ಹೆಚ್ಚು ವೇಗ. ಹಾಗಾಗಿ ಈ ಬೇಟೆ ಬಹುಪಾಲು ಕಿವಿಯ ಕೆಲಸ. ಆದರೆ ಕಿವಿ ಚುರುಕಾಗಿದ್ದರಷ್ಟೇ ಸಾಲದು, ನೀರಿನ ಗುಣವೂ ಗೊತ್ತಿರಬೇಕು. ನೌಕಾಪಡೆಗಳು ಸಬ್‌ಮರೀನ್ ಹುಡುಕುವ ಬಗೆ ಹೀಗಿದೆ.

ಹಂತ 1: ವೃತ್ತ ಎಳೆಯಿರಿ, ತಡಮಾಡಬೇಡಿ

ಎಲ್ಲೋ ಒಂದು ಪೆರಿಸ್ಕೋಪ್ ಕಂಡಿತು ಎನ್ನಿ. ಸಬ್‌ಮರೀನ್ 10 ನಾಟ್ ವೇಗದಲ್ಲಿ, ಅಂದರೆ ಗಂಟೆಗೆ 18.5 ಕಿ.ಮೀ.ಯಂತೆ ಯಾವ ದಿಕ್ಕಿಗಾದರೂ ಹೋಗಿರಬಹುದು. ನಿಮ್ಮ ವಿಮಾನ ಅಲ್ಲಿಗೆ ತಲುಪುವಷ್ಟರಲ್ಲಿ ಎರಡು ಗಂಟೆ ಕಳೆದಿದ್ದರೆ 37 ಕಿ.ಮೀ. ತ್ರಿಜ್ಯದ ವೃತ್ತ ಜಾಲಾಡಬೇಕು. ಅದು ಸುಮಾರು 4300 ಚದರ ಕಿ.ಮೀ., ಇಡೀ ಕೊಡಗು ಜಿಲ್ಲೆಗಿಂತ ತುಸು ದೊಡ್ಡದು. ನಾಲ್ಕು ಗಂಟೆ ತಡವಾದರೆ ಇದರ ನಾಲ್ಕು ಪಟ್ಟು.

ಹಂತ 2: ನೀರಿನ ಪದರ ಅಳೆಯಿರಿ

ಹೊಸಬರು ಹಗುರವಾಗಿ ತೆಗೆದುಕೊಳ್ಳುವ ಹಂತ ಇದು. ನನ್ನನ್ನು ಕೇಳಿದರೆ, ಅರ್ಧ ಬೇಟೆ ಇಲ್ಲೇ ಮುಗಿಯುತ್ತದೆ.

ಬೆಚ್ಚನೆಯ ನೀರಿನಲ್ಲಿ ಶಬ್ದ ಬೇಗ ಓಡುತ್ತದೆ, ತಣ್ಣನೆಯ ನೀರಿನಲ್ಲಿ ನಿಧಾನ. ಒಂದು ಡಿಗ್ರಿ ಸೆಲ್ಸಿಯಸ್‌ಗೆ ಸೆಕೆಂಡಿಗೆ ಎರಡರಿಂದ ನಾಲ್ಕು ಮೀಟರ್ ವ್ಯತ್ಯಾಸ. ಕೇಳಲು ಚಿಲ್ಲರೆ ಅನಿಸಬಹುದು. ಆದರೆ ಶಬ್ದ ನೇರವಾಗಿ ಹೋಗದೆ, ವೇಗ ಕಡಿಮೆ ಇರುವ ಕಡೆಗೆ ಬಾಗುತ್ತದೆ. ಅರಬ್ಬಿ ಸಮುದ್ರದಂಥ ಉಷ್ಣವಲಯದ ಕಡಲಲ್ಲಿ ಮೇಲಿನ ಪದರ ಬೆಚ್ಚಗಿರುತ್ತದೆ. ಅದರಡಿ ಉಷ್ಣಾಂಶ ಥಟ್ಟನೆ ಕುಸಿಯುವ ಇನ್ನೊಂದು ಪದರ. ಹಡಗಿನ ತಳದ ಸೋನಾರ್ (ಶಬ್ದದಿಂದ ಹುಡುಕುವ ಉಪಕರಣ) ಕಳಿಸಿದ ಶಬ್ದ ಈ ಗಡಿಯಲ್ಲಿ ಸೀಳಿಕೊಂಡು ಒಂದು ಪಾಲು ಮೇಲಕ್ಕೂ ಒಂದು ಪಾಲು ಆಳಕ್ಕೂ ಬಾಗುತ್ತದೆ. ನಡುವೆ ಉಳಿಯುವ ಜಾಗಕ್ಕೆ ಶಬ್ದ ತಲುಪುವುದೇ ಇಲ್ಲ. ಜಾಣ ಕ್ಯಾಪ್ಟನ್ ತನ್ನ ಸಬ್‌ಮರೀನನ್ನು ತಂದು ನಿಲ್ಲಿಸುವುದು ಈ ನೆರಳಿನಲ್ಲೇ.

1930ರ ದಶಕದಲ್ಲಿ ಕ್ಯೂಬಾದ ಗ್ವಾಂಟನಾಮೊ ಬಳಿ ಅಮೆರಿಕದ ನೌಕಾಪಡೆಗೆ ಇದೇ ತಲೆನೋವಾಗಿತ್ತು. ಬೆಳಿಗ್ಗೆ ಚೆನ್ನಾಗಿ ಕೆಲಸ ಮಾಡಿದ ಸೋನಾರ್ ಮಧ್ಯಾಹ್ನ ಮಂಕಾಗುತ್ತಿತ್ತು. ಊಟ ಮಾಡಿ ಕೂತವರ ತೂಕಡಿಕೆ ಅದಕ್ಕೆ ಕಾರಣವಲ್ಲ. ಬಿಸಿಲಿಗೆ ಮೇಲ್ಪದರ ಕಾದು ಶಬ್ದ ಕೆಳಕ್ಕೆ ಬಾಗುತ್ತಿತ್ತು. ಆಳಕ್ಕೆ ತಕ್ಕಂತೆ ಉಷ್ಣಾಂಶ ಗುರುತಿಸುವ ಬ್ಯಾತಿಥರ್ಮೋಗ್ರಾಫನ್ನು ಅಥೆಲ್‌ಸ್ಟನ್ ಸ್ಪಿಲ್‌ಹಾಸ್ ರೂಪಿಸಿದ್ದು ಆ ದಶಕದ ಕೊನೆಯಲ್ಲಿ. ಈಗ ಎಸೆದು ಮರೆತುಬಿಡುವಂಥ ಶೋಧಕಗಳಿವೆ. ಕೂದಲೆಳೆಯಂಥ ತಾಮ್ರದ ತಂತಿ ಬಿಚ್ಚಿಕೊಳ್ಳುತ್ತಾ ಅದು ಮುಳುಗುತ್ತದೆ, ಇಳಿದಂತೆ ಉಷ್ಣಾಂಶ ಹೇಳುತ್ತಾ ಹೋಗುತ್ತದೆ, ತಂತಿ ಮುಗಿದಾಗ ತುಂಡಾಗಿ ತಳ ಸೇರುತ್ತದೆ. ಕಂಪ್ಯೂಟರ್ ಪರದೆಯ ಮೇಲೆ ಒಂದು ವಕ್ರರೇಖೆ ಉಳಿಯುತ್ತದೆ. ಯಾವ ಆಳದಲ್ಲಿ ಕಿವಿಗೊಡಬೇಕು ಎಂಬುದನ್ನು ಆ ರೇಖೆಯೇ ಹೇಳುತ್ತದೆ.

ಹಂತ 3: ಸದ್ದು ಮಾಡದೆ ಕೇಳಿ

ಹಡಗಿಗಾದರೆ ಹಿಂದೆ ಎಳೆದುಕೊಂಡು ಹೋಗುವ ಹೈಡ್ರೋಫೋನ್ (ನೀರೊಳಗಿನ ಮೈಕ್ರೊಫೋನ್) ಸರಪಳಿ ಇರುತ್ತದೆ. ಅದನ್ನು ಪದರದ ಕೆಳಗೂ ಇಳಿಸಬಹುದು. ಹೆಲಿಕಾಪ್ಟರ್ ನೀರಿನ ಮೇಲೆ ನಿಂತಲ್ಲೇ ನಿಂತು ಕೇಬಲ್‌ನಲ್ಲಿ ಸೋನಾರ್ ಇಳಿಬಿಡುತ್ತದೆ. ವಿಮಾನ ಸೋನೋಬಾಯ್‌ಗಳನ್ನು ಬಿತ್ತುತ್ತಾ ಹೋಗುತ್ತದೆ. ತಮಿಳುನಾಡಿನ ಅರಕ್ಕೋಣಂನ ಐಎನ್‌ಎಸ್ ರಾಜಾಳಿ ನೌಕಾ ವಿಮಾನನೆಲೆಗೆ 2013ರಲ್ಲಿ ಬಂದ ಪಿ-8ಐ ವಿಮಾನಗಳ ಮುಖ್ಯ ಕೆಲಸಗಳಲ್ಲಿ ಇದೂ ಒಂದು.

ಸಾಮಾನ್ಯ ಸೋನೋಬಾಯ್ ಮೂರಡಿ ಉದ್ದದ, ಒಂದು ಗೇಣಿಗೂ ಕಡಿಮೆ ದಪ್ಪದ ಕೊಳವೆ. ಪುಟ್ಟ ಪ್ಯಾರಾಚೂಟ್ ಕಟ್ಟಿಕೊಂಡು ಬೀಳುತ್ತದೆ. ನೀರು ತಾಗಿದೊಡನೆ ಬಲೂನಿನಂಥ ತೇಲು ಉಬ್ಬಿ ಆಂಟೆನಾ ಮೇಲೇಳುತ್ತದೆ, ಹೈಡ್ರೋಫೋನ್ ಮೊದಲೇ ನಿಗದಿ ಮಾಡಿದ ಆಳಕ್ಕೆ ಇಳಿಯುತ್ತದೆ. ಕೇಳಿದ್ದನ್ನೆಲ್ಲ ರೇಡಿಯೋ ಮೂಲಕ ವಿಮಾನಕ್ಕೆ ಕಳಿಸಿ, ಅವಧಿ ಮುಗಿದಾಗ ತಾನಾಗಿ ಮುಳುಗುತ್ತದೆ.

ಕೇಳಿದ್ದರಲ್ಲಿ ಸಬ್‌ಮರೀನ್ ಯಾವುದು? ಐದು ಎಲೆಯ ಪ್ರೊಪೆಲರ್ ನಿಮಿಷಕ್ಕೆ 100 ಸುತ್ತು ಹಾಕಿದರೆ ಸುಮಾರು 8.3 ಹರ್ಟ್ಸ್‌ನ ಮಿಡಿತ ಸಿಗುತ್ತದೆ. ಪಂಪು, ಜನರೇಟರ್‌ಗಳಿಗೂ ಅವುಗಳದ್ದೇ ಸ್ಥಿರ ಶ್ರುತಿ. ಪರದೆಯಲ್ಲಿ ಇವು ಸಣ್ಣ ಗೆರೆಗಳಾಗಿ ಮೂಡುತ್ತವೆ. ಮಳೆ, ಮೀನುಗಾರಿಕೆ ಬೋಟು, ಸರಕು ಹಡಗುಗಳ ಗದ್ದಲದ ನಡುವೆ ಆ ಗೆರೆ ಹೆಕ್ಕಬೇಕು. ಕರಾವಳಿಯ ಆಳವಿಲ್ಲದ ಬೆಚ್ಚನೆಯ ನೀರಿನಲ್ಲಿ ಚಿಟಿಕೆ ಹೊಡೆಯುವ ಸೀಗಡಿಗಳ ಚಟಪಟ ಬೇರೆ.

ಹಂತ 4: ಕೇಳಿಸದಿದ್ದರೆ ಕೂಗಿ

ಆಕ್ಟಿವ್ ಸೋನಾರ್ 'ಪಿಂಗ್' ಕಳಿಸಿ ಪ್ರತಿಧ್ವನಿಗೆ ಕಾಯುತ್ತದೆ. ಎಂಟು ಸೆಕೆಂಡಿಗೆ ಮರಳಿದರೆ ಗುರಿ 6 ಕಿ.ಮೀ. ದೂರದಲ್ಲಿದೆ. ಶ್ರುತಿ ತುಸು ಏರಿದ್ದರೆ ಅದು ನಿಮ್ಮ ಕಡೆಗೇ ಬರುತ್ತಿದೆ. ಬಂಡೆ, ಮುಳುಗಿದ ಹಡಗು, ತಿಮಿಂಗಿಲ, ಎಲ್ಲವೂ ಪ್ರತಿಧ್ವನಿ ಕೊಡುತ್ತವೆ. ಅದಕ್ಕಿಂತ ದೊಡ್ಡ ಅಪಾಯ ಇನ್ನೊಂದಿದೆ: ನಿಮ್ಮ ಪಿಂಗ್ ಹೋಗಿ ಮರಳಬೇಕು, ಸಬ್‌ಮರೀನಿಗೋ ಅದು ಒಮ್ಮೆ ತಲುಪಿದರೆ ಸಾಕು. ನಿಮಗೆ ಅದು ಸಿಗುವ ಮೊದಲೇ ನೀವು ಅದಕ್ಕೆ ಸಿಕ್ಕಿರುತ್ತೀರಿ.

ಮೊದಲು ಕೇಳಿಸಿಕೊಂಡವರದ್ದೇ ಮೇಲುಗೈ ಎಂಬುದಕ್ಕೆ ನಮ್ಮ ನೌಕಾಪಡೆ ಭಾರೀ ಬೆಲೆ ತೆತ್ತಿದೆ. 1971ರ ಡಿಸೆಂಬರ್ 9ರ ರಾತ್ರಿ ದೀವ್ ಬಳಿ ಪಾಕಿಸ್ತಾನದ ಹಾಂಗೋರ್ ಸಬ್‌ಮರೀನನ್ನು ಹುಡುಕುತ್ತಿದ್ದ ಐಎನ್‌ಎಸ್ ಖುಕ್ರಿ ಅದೇ ಹಾಂಗೋರ್‌ನ ಟಾರ್ಪಿಡೊಗೆ ಬಲಿಯಾಯಿತು. ಕ್ಯಾಪ್ಟನ್ ಮಹೇಂದ್ರನಾಥ ಮುಲ್ಲಾ ಸೇರಿ 194 ಮಂದಿ ಹಡಗಿನೊಂದಿಗೇ ಹೋದರು. ಮುಂದೆ ಕೊಚ್ಚಿಯ ಎನ್‌ಪಿಒಎಲ್ ಪ್ರಯೋಗಾಲಯ ಸ್ವದೇಶಿ ಸೋನಾರ್‌ಗಳನ್ನು ರೂಪಿಸಿತು. ಅದರ 'ಹಂಸ' ಸೋನಾರ್ ತಯಾರಿಸಿದ್ದು ಬೆಂಗಳೂರು ಮೂಲದ ಬಿಇಎಲ್.

ಹಂತ 5: ಹತ್ತಿರ ಹೋಗಿ ಖಚಿತಪಡಿಸಿಕೊಳ್ಳಿ

ಸಾವಿರಾರು ಟನ್ ಉಕ್ಕು ಭೂಮಿಯ ಕಾಂತಕ್ಷೇತ್ರವನ್ನು ಚೂರು ಕದಡುತ್ತದೆ. ಪಿ-8ಐ ಬಾಲದಿಂದ ಚಾಚಿದ ಕಡ್ಡಿಯಂಥ ಭಾಗದಲ್ಲಿರುವ ಮ್ಯಾಗ್ನೆಟೋಮೀಟರ್ ಅದನ್ನು ಗುರುತಿಸುತ್ತದೆ. ದೂರ ಎರಡು ಪಟ್ಟಾದರೆ ಸಂಕೇತ ಎಂಟನೇ ಒಂದಕ್ಕೆ ಇಳಿಯುವುದರಿಂದ ತಗ್ಗಿನಲ್ಲಿ, ಹೆಚ್ಚುಕಡಿಮೆ ನೇರ ಮೇಲೆಯೇ ಹಾರಬೇಕು. ಇಡೀ ವೃತ್ತ ಜಾಲಾಡಲು ಇದು ಒದಗದು.

ಹಂತ 6: ಉಸಿರಾಡಲು ಬರುವವರೆಗೆ ಕಾಯಿರಿ

ಡೀಸೆಲ್-ಎಲೆಕ್ಟ್ರಿಕ್ ಸಬ್‌ಮರೀನಿನ ಬ್ಯಾಟರಿ ಖಾಲಿಯಾದರೆ ಎಂಜಿನ್‌ಗೆ ಗಾಳಿ ಬೇಕು. ಸ್ನಾರ್ಕೆಲ್ ಕೊಳವೆ ನೀರಿನ ಮೇಲೆ ಬಂದಾಗ ರೇಡಾರ್ ಹಿಡಿಯಬಹುದು, ಎಂಜಿನ್ ಸದ್ದೂ ಕೇಳಿಸುತ್ತದೆ. ಅಣುಶಕ್ತಿಯ ಸಬ್‌ಮರೀನಿಗೆ ಈ ಗೋಜೇ ಇಲ್ಲ, ಆದರೆ ಅದರ ಪಂಪುಗಳು ಪೂರ್ತಿ ನಿಲ್ಲುವುದು ಅಪರೂಪ. ಹೊರಗಿನ ಗಾಳಿ ಬೇಡದ ಎಂಜಿನ್ ಇರುವ ಸಣ್ಣ ಸಬ್‌ಮರೀನ್‌ಗಳು ಇವೆರಡಕ್ಕಿಂತ ಕಷ್ಟ. ವಾರಗಟ್ಟಲೆ ಕೆಳಗೇ ಇರಬಲ್ಲವು, ಸದ್ದೂ ಕಡಿಮೆ. ಸ್ವೀಡನ್ನಿನ ಅಂಥ ಒಂದು ಸಬ್‌ಮರೀನ್ ಗಾಟ್‌ಲ್ಯಾಂಡನ್ನು ಅಮೆರಿಕದ ನೌಕಾಪಡೆ ಹುಡುಕಾಟದ ತಾಲೀಮಿಗೆಂದೇ 2005ರಲ್ಲಿ ಸಿಬ್ಬಂದಿ ಸಮೇತ ಬಾಡಿಗೆಗೆ ತರಿಸಿಕೊಂಡಿತು. ಒಂದು ವರ್ಷಕ್ಕೆಂದು ಮಾಡಿಕೊಂಡ ಕರಾರನ್ನು ಆಮೇಲೆ ಮತ್ತೊಂದು ವರ್ಷಕ್ಕೆ ಮುಂದುವರಿಸಬೇಕಾಯಿತು.