ಸಂಬಂಧ ಫಂಕ್ಷನ್ ಹೌದೋ ಅಲ್ಲವೋ: ನಾನು ನಿರ್ಧರಿಸುವ ಬಗೆ

ದಾವಣಗೆರೆಯಲ್ಲಿ ಪ್ರಥಮ ಪಿಯುಸಿ ಮಕ್ಕಳಿಗೆ ಗಣಿತ ಹೇಳಿಕೊಡುವ ನಾನು ಮೊದಮೊದಲು ಫಂಕ್ಷನ್‌ನ ವ್ಯಾಖ್ಯೆಯನ್ನು ಬರೆಸಿ, ನಕ್ಷೆಯ ಮೇಲೆ ಲಂಬ ರೇಖೆ ಎಳೆದು ಅದು ನಕ್ಷೆಯನ್ನು ಒಂದಕ್ಕಿಂತ ಹೆಚ್ಚು ಕಡೆ ಮುಟ್ಟುತ್ತದೆಯೇ ಎಂದು ಪರೀಕ್ಷಿಸುವುದನ್ನು ತೋರಿಸಿ ಮುಂದಕ್ಕೆ ಹೋಗಿಬಿಡುತ್ತಿದ್ದೆ. ಎರಡು ಗಣಗಳ ಅಂಶಗಳನ್ನು ಜೋಡಿಸುವ ಸಂಬಂಧ ಫಂಕ್ಷನ್ ಆಗಬೇಕಾದರೆ ಮೊದಲ ಗಣದ ಪ್ರತಿಯೊಂದು ಅಂಶಕ್ಕೂ ಎರಡನೆಯ ಗಣದ ಒಂದೇ ಒಂದು ಅಂಶ ಜೋಡಿಯಾಗಿರಬೇಕು ಎಂಬ ಆ ವ್ಯಾಖ್ಯೆ ಸರಳವಾಗಿಯೇ ಇದೆ. ಆದರೂ ಒಂದು ಕಿರುಪರೀಕ್ಷೆಯಲ್ಲಿ (1, 7), (2, 7), (3, 7) ಎಂಬ ಕ್ರಮಯುಗ್ಮಗಳನ್ನು, ಅಂದರೆ ಮೊದಲ ಗಣದ ಅಂಶ ಮೊದಲು, ಅದರ ಜೋಡಿ ಆಮೇಲೆ ಬರುವ ಜೋಡಿಗಳನ್ನು, ಕೊಟ್ಟಾಗ ಬಹಳಷ್ಟು ಮಕ್ಕಳು "7 ಮೂರು ಸಲ ಬಂದಿದೆ, ಆದ್ದರಿಂದ ಫಂಕ್ಷನ್ ಅಲ್ಲ" ಎಂದು ಬರೆದಿದ್ದರು. "ಒಂದೇ ಒಂದು" ಎಂಬ ಮಾತನ್ನು ಅವರು ಎರಡೂ ಕಡೆಗೆ ಅನ್ವಯಿಸಿಕೊಂಡಿದ್ದರು. ಯಾವ ಕಡೆ ನಿಂತು ಎಣಿಸಬೇಕೆಂಬುದನ್ನು ನಾನು ಒತ್ತಿ ಹೇಳಿರಲಿಲ್ಲ.

ಎಪಿಎಂಸಿಗೆ ಮೆಕ್ಕೆಜೋಳ ತರುವ ರೈತರ ಮಕ್ಕಳು ಆ ತರಗತಿಯಲ್ಲಿ ಹಲವರಿದ್ದರು. ಮರುದಿನ ಬೋರ್ಡಿನ ಎಡಕ್ಕೆ ಐದು ಲಾಟ್‌ಗಳ ನಂಬರನ್ನೂ ಬಲಕ್ಕೆ ಕ್ವಿಂಟಲ್ ದರಗಳನ್ನೂ ಬರೆದು, ಲಾಟ್‌ನಿಂದ ದರಕ್ಕೆ ಬಾಣಗಳನ್ನು ಎಳೆದೆ. ಎರಡು ಲಾಟ್‌ಗಳಿಗೆ ಒಂದೇ ದರ ಬಿದ್ದರೆ ತಕರಾರೇನಾದರೂ ಇದೆಯೇ ಎಂದು ಕೇಳಿದಾಗ, "ಇಲ್ಲ ಸರ್, ದಿನಾ ಬೀಳ್ತದೆ" ಎಂದರು. ಒಂದೇ ಲಾಟ್‌ಗೆ ಎರಡು ದರ ಬರೆದಿದ್ದರೆ ಎಂದಾಗ ಒಬ್ಬ ಹುಡುಗ, "ಹಂಗಾದ್ರೆ ದುಡ್ಡು ಯಾವ ಲೆಕ್ಕಕ್ಕೆ ಕೊಡ್ತಾರೆ ಸರ್?" ಎಂದು ನನ್ನನ್ನೇ ಕೇಳಿದ. ಆಮೇಲೆ ಮೂರನೆಯ ಲಾಟ್‌ನ ಬಾಣವನ್ನು ಅಳಿಸಿ, ಇದಕ್ಕೆ ಯಾರೂ ಟೆಂಡರ್ ಹಾಕಲಿಲ್ಲ ಎಂದೆ. ಆಗ ಎಲ್ಲರೂ ಸುಮ್ಮನಾದರು. ಐದು ಲಾಟ್‌ಗಳ ಗಣದಿಂದ ನೋಡಿದರೆ ಇದು ಫಂಕ್ಷನ್ ಅಲ್ಲ. ಮೂರನೆಯದನ್ನು ಬಿಟ್ಟು ನಾಲ್ಕರ ಗಣದಿಂದ ನೋಡಿದರೆ ಹೌದು. ಬಾಣಗಳನ್ನು ತಿರುಗಿಸಿ ದರದಿಂದ ಲಾಟ್‌ಗೆ ಎಳೆದರೆ, ಒಂದು ದರಕ್ಕೆ ಎರಡು ಲಾಟ್ ಇರುವುದರಿಂದ ಪುನಃ ಅಲ್ಲ.

ಲಾಟ್‌ಗೂ ದರಕ್ಕೂ ಹಾಕಿದ ಈ ಜೋಡಣೆಗೆ ಸೂತ್ರವೇ ಇಲ್ಲವಲ್ಲ, ಇದು ಫಂಕ್ಷನ್ ಹೇಗಾದೀತು ಎಂಬ ಸಂಶಯ ಬಂದೇ ಬರುತ್ತದೆ, ಅದು ಸಹಜವೂ ಹೌದು. 1748ರಲ್ಲಿ ಗಣಿತಜ್ಞ ಆಯ್ಲರ್ ಕೂಡ ಫಂಕ್ಷನ್ ಎಂಬುದನ್ನು ಗಣಿತೋಕ್ತಿ, ಅಂದರೆ ಸೂತ್ರದಂತೆ ಬರೆಯಬಹುದಾದದ್ದು, ಎಂದೇ ವಿವರಿಸಿದ್ದರು. ಸೂತ್ರ ಕಡ್ಡಾಯವಲ್ಲ ಎಂಬ ತಿಳಿವಳಿಕೆ ನೆಲೆಯೂರಿದ್ದು ಆಮೇಲೆ.

ಅಂದಿನಿಂದ ಯಾವ ಲೆಕ್ಕ ಬಂದರೂ "ಯಾವ ಗಣದಿಂದ ಯಾವ ಗಣಕ್ಕೆ" ಎಂಬುದನ್ನು ಮೊದಲು ಬರೆಸುತ್ತೇನೆ. ಬಳಿಕ ಮೊದಲ ಗಣದಲ್ಲಿ ಬಾಣವಿಲ್ಲದೆ ಉಳಿದವರಿದ್ದಾರೆಯೇ, ಎರಡು ಬಾಣ ಹೊರಟವರಿದ್ದಾರೆಯೇ ಎಂದು ನೋಡುತ್ತೇವೆ. ಎಕ್ಸ್ ವರ್ಗ ಮತ್ತು ವೈ ವರ್ಗಗಳ ಮೊತ್ತ 25 ಎಂಬ ವೃತ್ತದ ಸಮೀಕರಣವನ್ನು ವಾಸ್ತವ ಸಂಖ್ಯೆಗಳಿಂದ ವಾಸ್ತವ ಸಂಖ್ಯೆಗಳಿಗೆ ಎಂದು ತೆಗೆದುಕೊಂಡರೆ ಎರಡು ದೋಷಗಳೂ ಒಟ್ಟಿಗೆ ಸಿಗುತ್ತವೆ: ಎಕ್ಸ್ 3 ಆದಾಗ ವೈ 4 ಮತ್ತು -4 ಎರಡೂ ಆಗುತ್ತದೆ, ಎಕ್ಸ್ 6 ಆದಾಗ ವೈ ಇಲ್ಲವೇ ಇಲ್ಲ. ಲಂಬ ರೇಖೆಯ ಪರೀಕ್ಷೆಯಲ್ಲಿ ಮಕ್ಕಳು ಮೊದಲ ದೋಷವನ್ನಷ್ಟೇ ಹಿಡಿಯುತ್ತಾರೆ. ರೇಖೆ ನಕ್ಷೆಯನ್ನು ಮುಟ್ಟದೇ ಹೋಗುವ ಕಡೆ ಅವರ ಕಣ್ಣು ಹೋಗುವುದಿಲ್ಲ. ಎಕ್ಸ್ ಅನ್ನು -5ರಿಂದ 5ರವರೆಗೆ ಮಿತಿಗೊಳಿಸಿ, ವೈ ಋಣವಾಗಬಾರದು ಎಂದರೆ ಉಳಿಯುವ ಮೇಲಿನ ಅರ್ಧವೃತ್ತ ಫಂಕ್ಷನ್ ಆಗುತ್ತದೆ.

ನನಗೆ ಬಹಳ ಇಷ್ಟವಾದ ಲೆಕ್ಕವನ್ನು ಕೊನೆಗೆ ಇಟ್ಟುಕೊಂಡಿರುತ್ತೇನೆ. ಪ್ರತಿಯೊಂದು ಭಾಗಲಬ್ಧ ಸಂಖ್ಯೆಗೂ ಅದರ ಮೇಲಿನ ಸಂಖ್ಯೆಯನ್ನು ಜೋಡಿಸಿದರೆ ಅದು ಫಂಕ್ಷನ್ನೇ? ಎಲ್ಲರೂ ಹೌದೆನ್ನುತ್ತಾರೆ. ನಾನು ಬೋರ್ಡಿನ ಮೇಲೆ 1/2 ಎಂದು ಬರೆದು, ಪಕ್ಕದಲ್ಲಿ ಸಮ ಚಿಹ್ನೆ ಹಾಕಿ 2/4 ಎಂದು ಬರೆಯುತ್ತೇನೆ. ಸಂಖ್ಯೆ ಒಂದೇ, ಹೊರಟ ಬಾಣಗಳು ಎರಡು: ಒಂದು 1ಕ್ಕೆ, ಇನ್ನೊಂದು 2ಕ್ಕೆ. ಛೇದವನ್ನು ಧನವಾಗಿಟ್ಟು ಅತಿ ಸಂಕ್ಷಿಪ್ತ ರೂಪದಲ್ಲಿ ಬರೆದ ಮೇಲೆಯೇ ಮೇಲಿನ ಸಂಖ್ಯೆಯನ್ನು ತೆಗೆದುಕೊಳ್ಳಬೇಕು ಎಂಬ ಷರತ್ತನ್ನು ಕಳೆದ ವರ್ಷ ನಾನು ಹೇಳುವ ಮೊದಲೇ ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಎದ್ದು ನಿಂತು ಹೇಳಿದಳು.