ನಾಯಿ ಕಚ್ಚಿದ ಗಾಯಕ್ಕೆ ಆ್ಯಂಟಿಬಯೋಟಿಕ್: ಯಾರಿಗೆ, ಯಾವುದು, ಎಷ್ಟು ದಿನ?

ನಾಯಿ ಕಚ್ಚಿತೆಂದರೆ ಮೊದಲು ನೆನಪಾಗುವುದು ರೇಬೀಸ್. ನೆನಪಾಗಲೇಬೇಕು. ಆದರೆ ಅದೇ ಹಲ್ಲಿನ ಜೊತೆ ನಾಯಿಯ ಬಾಯಲ್ಲಿರುವ ಬ್ಯಾಕ್ಟೀರಿಯಾಗಳೂ ಗಾಯದೊಳಗೆ ಇಳಿದಿರುತ್ತವೆ. ರೇಬೀಸ್ ಬರುವುದು ವೈರಸ್ಸಿನಿಂದ, ಅದಕ್ಕೆ ಆ್ಯಂಟಿಬಯೋಟಿಕ್ ನಾಟುವುದಿಲ್ಲ. ಗಾಯ ನಂಜಾಗಿ ಕೀವು ಕಟ್ಟುವುದು ಬ್ಯಾಕ್ಟೀರಿಯಾದಿಂದ, ಅದಕ್ಕೆ ರೇಬೀಸ್ ಲಸಿಕೆ ತಡೆಯಲ್ಲ. ಎರಡನ್ನೂ ಬೇರೆ ಬೇರೆಯಾಗಿ, ಆದರೆ ಕಚ್ಚಿದ ದಿನವೇ ನೋಡಿಕೊಳ್ಳಬೇಕು.

ಮಾತ್ರೆಗಿಂತ ಮೊದಲು ನೀರು

ಹರಿಯುವ ನೀರು ಮತ್ತು ಸೋಪಿನಿಂದ ಪೂರ್ತಿ 15 ನಿಮಿಷ ತೊಳೆಯಿರಿ. ಗಡಿಯಾರ ನೋಡಿಯೇ ತೊಳೆಯಿರಿ, ಗಾಬರಿಯಲ್ಲಿ ಎರಡು ನಿಮಿಷವೇ ಬಹಳ ಹೊತ್ತು ಅನಿಸುತ್ತದೆ. ಆಮೇಲೆ ಪೊವಿಡೋನ್ ಅಯೋಡಿನ್ ಎಂಬ ನಂಜುನಿವಾರಕ ಹಚ್ಚಿ. ಎಣ್ಣೆ, ಪುಡಿ ಯಾವುದೂ ಬೇಡ. ಕೈಗೆ ಕಚ್ಚಿದ್ದರೆ ಉಂಗುರವನ್ನು ಆಗಲೇ ತೆಗೆಯಿರಿ, ಬೆರಳು ಊದಿದ ಮೇಲೆ ಅದನ್ನು ಕತ್ತರಿಸಬೇಕಾಗುತ್ತದೆ. ರಕ್ತ ಚಿಮ್ಮುತ್ತಿದ್ದರೆ ಮಾತ್ರ ಮೊದಲು ಶುಭ್ರ ಬಟ್ಟೆಯಿಂದ ಒತ್ತಿಹಿಡಿದು ಆಸ್ಪತ್ರೆಗೆ ಹೊರಡಿ.

ಆಸ್ಪತ್ರೆಯಲ್ಲಿ ಸಿರಿಂಜಿನಿಂದ ಸಲೈನ್ ಹಾಯಿಸಿ ಗಾಯದ ಒಳಗನ್ನು ತೊಳೆದು, ಜಜ್ಜಿ ಸತ್ತ ಮಾಂಸವನ್ನು ತೆಗೆಯುತ್ತಾರೆ. ಈ ಕೆಲಸ ಆಗಲೇಬೇಕು. ಆ್ಯಂಟಿಬಯೋಟಿಕ್ ಗಾಯಕ್ಕೆ ತಲುಪುವುದು ರಕ್ತದ ಮೂಲಕ. ಸತ್ತ ಮಾಂಸಕ್ಕೆ ರಕ್ತ ಹರಿಯುವುದಿಲ್ಲ, ಹಾಗಾಗಿ ಅಲ್ಲಿಗೆ ಔಷಧವೂ ಹೋಗುವುದಿಲ್ಲ. ಹೊಲಿದರೆ ಬ್ಯಾಕ್ಟೀರಿಯಾ ಒಳಗೇ ಸಿಕ್ಕಿಕೊಳ್ಳುವುದರಿಂದ ನಾಯಿ ಕಚ್ಚಿದ ಗಾಯವನ್ನು ಸಾಮಾನ್ಯವಾಗಿ ಹೊಲಿಯದೆ ಬಿಡುತ್ತಾರೆ. ಮುಖಕ್ಕೆ ರಕ್ತಸಂಚಾರ ಚೆನ್ನಾಗಿರುವುದರಿಂದಲೂ ಕಲೆ ಉಳಿಯಬಾರದೆಂದೂ ಅಲ್ಲಿ ಮಾತ್ರ ಹೊಲಿಗೆ ಹಾಕುವುದುಂಟು. ಹಾಗೆ ಹೊಲಿಯುವುದಾದರೆ ರೇಬೀಸ್ ಇಮ್ಯುನೊಗ್ಲಾಬ್ಯುಲಿನ್ (ರೇಬೀಸ್ ವೈರಸ್ ವಿರುದ್ಧದ ಸಿದ್ಧ ಪ್ರತಿಕಾಯಗಳ ಚುಚ್ಚುಮದ್ದು) ಅನ್ನು ಮೊದಲು ಗಾಯದೊಳಗೂ ಸುತ್ತಲೂ ಚುಚ್ಚಿರಬೇಕು.

ಯಾರಿಗೆ ಬೇಕು, ಯಾರಿಗೆ ಬೇಡ

ಚರ್ಮ ಹರಿಯದ ಕಚ್ಚಿಗೆ, ಮೇಲ್ಮೈ ತರಚಿಗೆ ಆ್ಯಂಟಿಬಯೋಟಿಕ್ ಬೇಡ. ನಾಯಿ ಕಚ್ಚಿದ ಎಲ್ಲರಿಗೂ ಕೊಡುವುದರಿಂದ ಲಾಭವಿದೆ ಎಂಬುದಕ್ಕೆ ಗಟ್ಟಿ ಆಧಾರವಿಲ್ಲ, ಭೇದಿಯಂಥ ತೊಂದರೆಯಂತೂ ಇದೆ. ಆದರೆ ಕೈಗೆ ಕಚ್ಚಿದ್ದರೆ ಮಾತು ಬೇರೆ. ಕೈಯಲ್ಲಿ ಚರ್ಮದ ಕೆಳಗೇ ಸ್ನಾಯುರಜ್ಜು, ಕೀಲು, ಎಲುಬು ಇವೆ. ಕೋರೆಹಲ್ಲು ಮಾಡುವ ತೂತು ಹೊರಗೆ ಸಣ್ಣದಾಗಿ ಕಂಡರೂ ಒಳಗೆ ಕೀಲಿನವರೆಗೆ ಹೋಗಿರಬಹುದು. ತೂತಿನ ಬಾಯಿ ಬೇಗ ಮುಚ್ಚಿಕೊಳ್ಳುವುದರಿಂದ ಬ್ಯಾಕ್ಟೀರಿಯಾ ಒಳಗೇ ಉಳಿಯುತ್ತದೆ. ದೊಡ್ಡದಾಗಿ ಹರಿದ ಗಾಯಕ್ಕಿಂತ ಈ ಸಣ್ಣ ತೂತೇ ಹೆಚ್ಚು ಮೋಸ ಮಾಡುತ್ತದೆ.

ಪಾದ, ಮುಖ, ಜನನಾಂಗದ ಗಾಯ, ಜಜ್ಜಿದ ಅಥವಾ ಹೊಲಿಗೆ ಹಾಕಿದ ಗಾಯಗಳಿಗೂ ಕೊಡುತ್ತಾರೆ. ಮಧುಮೇಹ, ಲಿವರ್ ಕಾಯಿಲೆ, ರೋಗನಿರೋಧಕ ಶಕ್ತಿ ತಗ್ಗಿಸುವ ಔಷಧ, ಕೃತಕ ಕೀಲು ಇದ್ದರೆ ವೈದ್ಯರಿಗೆ ನೀವೇ ಹೇಳಿ. ಗುಲ್ಮ (ಸ್ಪ್ಲೀನ್) ತೆಗೆಸಿಕೊಂಡವರು ಮೊದಲ ಮಾತಿನಲ್ಲೇ ಹೇಳಬೇಕು. ನಾಯಿಯ ಬಾಯಲ್ಲಿರುವ ಕ್ಯಾಪ್ನೊಸೈಟೊಫೇಗಾ ಎಂಬ ಬ್ಯಾಕ್ಟೀರಿಯಾ ಅವರಲ್ಲಿ ರಕ್ತಕ್ಕೆ ಹಬ್ಬಿ ಪ್ರಾಣಕ್ಕೇ ಎರವಾಗಬಹುದು.

ಯಾವ ಔಷಧ, ಎಷ್ಟು

ಮೊದಲ ಆಯ್ಕೆ ಅಮಾಕ್ಸಿಸಿಲಿನ್ ಮತ್ತು ಕ್ಲಾವುಲನಿಕ್ ಆಮ್ಲ ಎರಡೂ ಸೇರಿದ ಮಾತ್ರೆ. ವಯಸ್ಕರಿಗೆ ಸಾಮಾನ್ಯವಾಗಿ 875+125 ಮಿ.ಗ್ರಾಂ., 12 ಗಂಟೆಗೊಮ್ಮೆ. ಅಥವಾ 500+125 ಮಿ.ಗ್ರಾಂ., 8 ಗಂಟೆಗೊಮ್ಮೆ. ನಂಜು ಬಾರದಂತೆ ತಡೆಯಲು 3ರಿಂದ 5 ದಿನ ಸಾಕು. ಮಕ್ಕಳಿಗೆ ತೂಕ ನೋಡಿ ಲೆಕ್ಕ. ಮೂತ್ರಪಿಂಡದ ತೊಂದರೆ ಇದ್ದರೆ ಪ್ರಮಾಣ ಬದಲಾಗುತ್ತದೆ. ಹಾಗಾಗಿ ಚೀಟಿ ವೈದ್ಯರದೇ ಇರಲಿ.

ಮನೆಯಲ್ಲಿ ಉಳಿದ ಸೆಫಲೆಕ್ಸಿನ್, ಕ್ಲಾಕ್ಸಸಿಲಿನ್ ಅಥವಾ ಎರಿಥ್ರೊಮೈಸಿನ್ ಮಾತ್ರೆ ನುಂಗಿ ಸುಮ್ಮನಾಗುವುದು ದೊಡ್ಡ ತಪ್ಪು. ಚರ್ಮದ ಮಾಮೂಲಿ ಕುರುವಿಗೆ ಕೆಲಸ ಮಾಡುವ ಇವು, ನಾಯಿ ಕಡಿತದಲ್ಲಿ ಮುಖ್ಯವಾದ ಪಾಶ್ಚುರೆಲ್ಲಾ ಎಂಬ ಬ್ಯಾಕ್ಟೀರಿಯಾದ ಮುಂದೆ ನೆಚ್ಚುವಂಥವಲ್ಲ. ಇನ್ನೊಂದು ತಪ್ಪು ಮಾತ್ರೆಗಳ ಕೂಡಿಕೆಯಲ್ಲಿ ಆಗುತ್ತದೆ. 250+125ರ ಎರಡು ಮಾತ್ರೆ ಸೇರಿದರೆ ಒಂದು 500+125 ಆಗುವುದಿಲ್ಲ, ಕ್ಲಾವುಲನಿಕ್ ಆಮ್ಲ ದುಪ್ಪಟ್ಟಾಗಿ ಹೊಟ್ಟೆ ಕೆಡುತ್ತದೆ. ಊಟ ಶುರುಮಾಡುವಾಗ ನುಂಗಿದರೆ ವಾಕರಿಕೆ ಕಡಿಮೆ. ಮಕ್ಕಳ ಸಿರಪ್ ಅನ್ನು ಕಲಸಿದ ಮೇಲೆ ಫ್ರಿಜ್ಜಿನಲ್ಲಿಟ್ಟು, ಪ್ರತಿ ಸಲ ಕುಲುಕಿ, ಅಳತೆಯ ಸಿರಿಂಜಿನಲ್ಲೇ ಕೊಡಿ.

ಪೆನಿಸಿಲಿನ್ ಅಲರ್ಜಿ ಇದ್ದರೆ ಇದು ಬೇಡವೇ ಬೇಡ. ವಯಸ್ಕರಿಗೆ ಡಾಕ್ಸಿಸೈಕ್ಲಿನ್ ಜೊತೆ ಮೆಟ್ರೊನಿಡಜೋಲ್ ಕೊಡುತ್ತಾರೆ. ಡಾಕ್ಸಿಸೈಕ್ಲಿನ್ ನುಂಗುವಾಗ ತುಂಬ ನೀರು ಕುಡಿದು ಅರ್ಧ ಗಂಟೆಯಾದರೂ ಮಲಗದಿರಿ, ಇಲ್ಲವಾದರೆ ಅನ್ನನಾಳ ಸುಟ್ಟಂತಾಗುತ್ತದೆ. ಮೆಟ್ರೊನಿಡಜೋಲ್ ಇರುವಾಗ ಮದ್ಯ ಮುಟ್ಟಬಾರದು. ಗರ್ಭಿಣಿಯರಿಗೆ, ಚಿಕ್ಕ ಮಕ್ಕಳಿಗೆ ವೈದ್ಯರು ಬೇರೆ ಔಷಧ ಆರಿಸುತ್ತಾರೆ.

ಮುಲಾಮು ಈ ಮಾತ್ರೆಗಳ ಬದಲಿಯಲ್ಲ, ಆಳದ ತೂತಿಗೆ ಅದು ಇಳಿಯುವುದಿಲ್ಲ.

ಮೊದಲ ಎರಡು ದಿನ ಕಣ್ಣಿಟ್ಟಿರಿ

ಕಚ್ಚಿದ ದಿನವೇ ಧನುರ್ವಾಯು ಚುಚ್ಚುಮದ್ದಿನ ಲೆಕ್ಕ ತೆಗೆಯಿರಿ. ಹಿಂದಿನದಕ್ಕೆ 5 ವರ್ಷ ದಾಟಿದ್ದರೆ ಮತ್ತೊಂದು ಬೇಕಾಗುತ್ತದೆ. ಕೈಯನ್ನು ಎದೆಯ ಮಟ್ಟಕ್ಕಿಂತ ಮೇಲೆ ಎತ್ತಿ ಇಟ್ಟರೆ ಊತ ಇಳಿಯುತ್ತದೆ. ಗಾಯದ ಸುತ್ತ ಕೆಂಪಾಗಿದ್ದರೆ ಅದರ ಅಂಚಿಗೆ ಪೆನ್ನಿನಿಂದ ಗೆರೆ ಎಳೆದು ಸಮಯ ಬರೆಯಿರಿ. ಪಾಶ್ಚುರೆಲ್ಲಾ ನಂಜು ಎಷ್ಟೋ ಸಲ 24 ಗಂಟೆಯೊಳಗೇ ಕಾಣಿಸಿಕೊಳ್ಳುತ್ತದೆ. ಕೆಂಪು ಬಣ್ಣ ಆ ಗೆರೆಯನ್ನು ದಾಟಿದರೆ, ಕೀವು ಬಂದರೆ, ಚಳಿಜ್ವರ ಹತ್ತಿದರೆ, ಬೆರಳು ಚಾಚಿದಾಗ ಜೀವ ಹೋಗುವಂಥ ನೋವಾದರೆ ಮಾತ್ರೆ ಮುಗಿಯಲೆಂದು ಕಾಯದೆ ಆಸ್ಪತ್ರೆಗೆ ಹೋಗಿ. ಅದು ತಡೆಯುವ ಹಂತ ದಾಟಿದ ನಂಜು. ಕೀವಿನ ಮಾದರಿ ಪರೀಕ್ಷೆಗೆ ಕಳಿಸಿ, ಬೇಕಿದ್ದರೆ ಗಾಯ ತೆರೆದು ತೊಳೆದು, ಹೆಚ್ಚು ದಿನ ಔಷಧ ಕೊಡಬೇಕಾಗುತ್ತದೆ. ಕೀಲಿಗೋ ಎಲುಬಿಗೋ ಇಳಿದಿದ್ದರೆ ವಾರಗಟ್ಟಲೆ.