ಗೌಚೊಗೆ ಲಾವಣಿ ಕಟ್ಟಿದ್ದು: ನನ್ನ ಅನುಭವ
ಮೂಕಿ ಚಿತ್ರಕ್ಕೆ ಲಾವಣಿಯಾ ಅಂತ ನಮ್ಮ ಫಿಲಂ ಸೊಸೈಟಿಯವರೇ ನಕ್ಕಿದ್ದರು. ಈಗ ಅವರೇ ಮುಂದಿನ ಶೋ ಯಾವಾಗ ಅಂತ ಕೇಳುತ್ತಿದ್ದಾರೆ.

ಚಿತ್ರ ಅರ್ಜೆಂಟೀನಾದ ‘ನೊಬ್ಲೆಸಾ ಗೌಚಾ’, 1915ರದ್ದು. ಗೌಚೊ ಅಂದರೆ ಅಲ್ಲಿನ ಬಯಲಲ್ಲಿ ಕುದುರೆ ಮೇಲೆ ದನ ಕಾಯುವವ. ಅಂಥ ಗೌಚೊ, ನಾಯಕ ಹುವಾನ್‌ನ ಹುಡುಗಿಯನ್ನು ಜಮೀನ್ದಾರ ಬ್ಯೂನಸ್ ಐರಿಸ್‌ಗೆ ಹೊತ್ತೊಯ್ಯುತ್ತಾನೆ. ಬಿಡಿಸಿ ತಂದವನ ಮೇಲೆ ದನಗಳ್ಳತನದ ಸುಳ್ಳು ಕೇಸು. 1874ರಲ್ಲಿ ಲೋಬೋಸ್‌ನಲ್ಲಿ ಪೊಲೀಸರ ಕೈಯಲ್ಲಿ ಸತ್ತ ಹುವಾನ್ ಮೊರೇರಾ ಅನ್ನುವ ನಿಜವಾದ ಗೌಚೊನನ್ನು ಹಾಡಿ ಹೊಗಳಿದ ಅಲ್ಲಿನ ಜನಕ್ಕೆ ಈ ಕಥೆ ಹೊಸದಲ್ಲ.

ಮೊದಲು ಕಾರ್ಡುಗಳನ್ನು, ಅಂದರೆ ಮೂಕಿ ಚಿತ್ರದ ದೃಶ್ಯಗಳ ನಡುವೆ ಪರದೆ ಮೇಲೆ ಬರುವ ಬರಹವನ್ನು, ಕನ್ನಡದಲ್ಲಿ ನೆಟ್ಟಗೆ ಗದ್ಯವಾಗಿ ಬರೆದೆ. ಎಡಿಟಿಂಗ್‌ನಲ್ಲಿ ಒತ್ತಕ್ಷರ ಎಲ್ಲಾ ಒಡೆದು ಹೋದವು. ಅಳುವ ಸೀನಲ್ಲಿ ಜನ ನಕ್ಕರು. ಒಂದೊಂದು ಕಾರ್ಡನ್ನೂ ಚಿತ್ರ ಮಾಡಿ ಅಂಟಿಸಿದೆ. ಆಮೇಲೆ ಸ್ಟುಡಿಯೋದಲ್ಲಿ ದನಿ ಕೊಡಿಸಿದೆ, ಏಳೆಂಟು ಸಾವಿರ ಹೋಯಿತು. ಕೇಳಿದರೆ ರೇಡಿಯೋ ವಾರ್ತೆ!

ಆಗ ಈ ಚಿತ್ರದ್ದೇ ಹಳೇ ಕಥೆ ಓದಿದೆ. ಮೊದಲು ಬಿಟ್ಟಾಗ ಇದೂ ಮಕಾಡೆ ಮಲಗಿತ್ತು. ಗೊನ್ಸಾಲೆಸ್ ಕಾಸ್ತಿಯೊ ಅನ್ನುವವರು ‘ಮಾರ್ಟಿನ್ ಫಿಯೆರೊ’ದಂಥ ಗೌಚೊ ಕಾವ್ಯಗಳ ಸಾಲು ಹಾಕಿ ಕಾರ್ಡುಗಳನ್ನು ಹೊಸದಾಗಿ ಬರೆದ ಮೇಲೆ ಓಡಿತು. 20,000 ಪೆಸೊ ಹಾಕಿ 6 ಲಕ್ಷದ ಮೇಲೆ ಬಂತಂತೆ. ಆ ಪದ್ಯಗಳನ್ನೇ ನಾನು ಗದ್ಯ ಮಾಡಿ ಕೊಂದಿದ್ದೆ, ಅಲ್ವಾ!

ಹಲಗಲಿ ಬೇಡರ ಲಾವಣಿಯ ಮಟ್ಟು ಹಿಡಿದೆ. ‘ನಾನು ನಿರಪರಾಧಿ, ಜಾನುವಾರು ಕದ್ದಿಲ್ಲ’ ಅನ್ನುವ ಕಾರ್ಡು ಹೀಗಾಯಿತು:

ಕದ್ದಾಂವ ಕುಂತಾನ ಗಾದಿಯ ಮ್ಯಾಲ
ಕಾದಾಂವ ಓಡ್ಯಾನ ಕುದುರಿಯ ಮ್ಯಾಲ

ಎರಡೇ ಸಾಲು. ನಾಲ್ಕು ದಾಟಿದರೆ ಹಿಂದಿನ ಸಾಲಿನವರಿಗೆ ಓದೋಕಾಗಲ್ಲ. ಕಾರ್ಡು ನಿಲ್ಲುವ ಹೊತ್ತನ್ನು 5 ಸೆಕೆಂಡಿಂದ 9ಕ್ಕೆ ಏರಿಸಿದೆ. ಗೋಕಾಕ ಕಡೆಯ ಒಬ್ಬರು ಪರದೆ ಪಕ್ಕ ನಿಂತು ದಪ್ಪು ಬಡಿದು ಹಾಡಿದರು. ಬೆನ್ನಟ್ಟುವ ಸೀನಲ್ಲಿ ದಪ್ಪಿನ ಪೆಟ್ಟು ಕಟ್‌ಗೆ ಸರಿಯಾಗಿ ಹೇಗೆ ಬೀಳುತ್ತೆ ಅನ್ನೋದನ್ನ ಮಾತ್ರ ಹೇಳಲ್ಲ. ಕಲಿಯೋಕೆ ಎರಡು ಮಳೆಗಾಲ ಹಿಡಿದಿದೆ.

ನಡುವೆ ಸುಮ್ನೆ ಗೊರಸಿನ ಸದ್ದಿಗೆ ಕರಟ ಬಡಿದು ನೋಡಿದೆ. ಹಲಗೆ ಮೇಲೆ ಬಡಿದರೆ ಟೈಪ್‌ರೈಟರ್ ಥರ ಕೇಳಿತು. ಬುಟ್ಟಿಯಲ್ಲಿ ಒಣಮಣ್ಣು ತುಂಬಿ ಬಡಿದ ಮೇಲೆ ಕುದುರೆ ಬಂತು. ಹಾರ್ಮೋನಿಯಂ ಮಾತ್ರ ಹೊಂದಲೇ ಇಲ್ಲ.

ಕೊನೆಗೆ ಜಮೀನ್ದಾರ ಕಂದಕಕ್ಕೆ ಬೀಳುವಾಗ ದಪ್ಪು ನಿಲ್ಲಿಸಿದೆವು. ಆ ಮೌನದಲ್ಲಿ ಮುಂದಿನ ಸಾಲಿನ ಅಜ್ಜಿಯೊಬ್ಬರು ‘ಬೀಳಲಿ ಬಿಡು’ ಅಂದರು. ಒಟ್ಟು ಖರ್ಚು 22 ಸಾವಿರದ ಆಸುಪಾಸು, ತಟ್ಟೆಗೆ ಬಿದ್ದದ್ದು ಒಂಬತ್ತು ಸಾವಿರ. ಹಾಡಿದವರು ಮುಂದಿನ ಶೋಗೆ ಐನೂರು ಜಾಸ್ತಿ ಕೇಳಿದ್ದಾರೆ. ಕೊಡ್ತೇನೆ.